ಹಾಸನದ ಬ್ಯಾಂಕ್ ಶಾಖೆಯೊಂದರ ಗೃಹಸಾಲ ಸೇವೆ: ಕಂತಿನಾಚೆಯ ಲೆಕ್ಕ

ಹಾಸನದ ಬ್ಯಾಂಕ್ ಶಾಖೆಯೊಂದರಲ್ಲಿ ಮನೆ ಕಟ್ಟಲು ನಾವು 30 ಲಕ್ಷ ರೂಪಾಯಿ ಸಾಲ ಪಡೆದಿದ್ದೇವೆ. ಸಿಬ್ಬಂದಿಯ ಸೌಜನ್ಯದ ಬಗ್ಗೆ ದೂರಿಲ್ಲ. ಜಾಗದ ಖಾತೆ, ಮನೆಯ ನಕ್ಷೆ, ಋಣಭಾರ ಪತ್ರಗಳ (ಆಸ್ತಿಯ ಮೇಲೆ ಬೇರೆ ಸಾಲವಿದೆಯೇ ಎಂದು ತೋರಿಸುವ ದಾಖಲೆ) ಪರಿಶೀಲನೆಯೂ ಚುರುಕಾಗಿಯೇ ಮುಗಿಯಿತು. ಆದರೆ ಮಾತೆಲ್ಲ ತಿಂಗಳ ಕಂತಿನ ಸುತ್ತಲೇ ನಡೆಯಿತೇ ಹೊರತು, ಒಟ್ಟು ಕಟ್ಟಬೇಕಾದ ಮೊತ್ತವನ್ನು ನಾವೇ ಕೇಳಿ ಬರೆಸಿಕೊಳ್ಳಬೇಕಾಯಿತು.

ಶೇ. 8.5ರ ಬಡ್ಡಿಯಲ್ಲಿ 20 ವರ್ಷಕ್ಕೆ ಕಂತು ಸುಮಾರು 26,035 ರೂಪಾಯಿ. ಮೊದಲ ಕಂತಿನಲ್ಲಿ 21,250 ರೂಪಾಯಿ ಬಡ್ಡಿಗೇ ಹೋಗಿ ಅಸಲಿಗೆ ಜಮೆಯಾಗುವುದು 4,785 ರೂಪಾಯಿ ಮಾತ್ರ. ದರ ಬದಲಾಗದಿದ್ದರೂ ಕೊನೆಗೆ ಕಟ್ಟಿದ ಹಣ 62 ಲಕ್ಷ ದಾಟುತ್ತದೆ. ಅವಧಿಯನ್ನು 15 ವರ್ಷಕ್ಕೆ ಇಳಿಸಿದರೆ ಕಂತು ಸುಮಾರು 3,500 ರೂಪಾಯಿ ಏರುತ್ತದೆ, ಆದರೆ ಬಡ್ಡಿಯಲ್ಲಿ 9 ಲಕ್ಷಕ್ಕೂ ಮಿಕ್ಕಿ ಉಳಿಯುತ್ತದೆ. ಈ ಹೋಲಿಕೆಯನ್ನು ಶಾಖೆಯವರು ತಾವಾಗಿ ತೋರಿಸಲಿಲ್ಲ.

ಸಾಲಗಾರ ತೀರಿಕೊಂಡರೆ ಬಾಕಿ ತೀರಿಸುವ ಸಾಲದ ವಿಮೆಯ ಪ್ರೀಮಿಯಂ ಹಣವನ್ನು ಶಾಖೆಯವರು ಅಸಲಿಗೇ ಸೇರಿಸಲು ಹೊರಟಿದ್ದು ನನಗೆ ಸರಿಕಾಣಲಿಲ್ಲ, ಏಕೆಂದರೆ ಹಾಗೆ ಮಾಡಿದರೆ ವಿಮೆಯ ಹಣಕ್ಕೂ ಇಪ್ಪತ್ತು ವರ್ಷ ಬಡ್ಡಿ ತೆರಬೇಕು. ಬೇಡವೆಂದಾಗ ಒತ್ತಾಯಿಸಲಿಲ್ಲ ಎಂಬುದನ್ನೂ ಹೇಳಬೇಕು.

ಬದಲಾಗುವ ದರದ ಗೃಹಸಾಲವನ್ನು ವ್ಯಕ್ತಿಗಳು ಅವಧಿಗೆ ಮುನ್ನ ತೀರಿಸಿದರೆ ದಂಡ ವಿಧಿಸುವಂತಿಲ್ಲವೆಂಬುದು ರಿಸರ್ವ್ ಬ್ಯಾಂಕಿನ ನಿಯಮ. ಕಾಫಿ ಅಥವಾ ಶುಂಠಿಯ ಹಣ ವರ್ಷಕ್ಕೊಮ್ಮೆ ಒಟ್ಟಾಗಿ ಕೈಸೇರುವ (ಬೆಲೆ ಕುಸಿಯದಿದ್ದರೆ!) ನಮ್ಮ ಜಿಲ್ಲೆಯ ಕುಟುಂಬಗಳಿಗೆ ಇದು ದೊಡ್ಡ ಅನುಕೂಲ, ಹಾಗೆ ಕಟ್ಟುವಾಗ ಕಂತನ್ನಲ್ಲ, ಅವಧಿಯನ್ನು ಇಳಿಸಿರೆಂದು ಬರವಣಿಗೆಯಲ್ಲೇ ಕೊಡುವುದು ಒಳ್ಳೆಯದು. ಕಡತದ ಕೆಲಸಕ್ಕೆ ಐದರಲ್ಲಿ ನಾಲ್ಕು, ಲೆಕ್ಕದ ಪಾರದರ್ಶಕತೆಗೆ ಎರಡು ಅಂಕ ಕೊಡುತ್ತೇನೆ.