ಮುಂಡಗೋಡ ಕ್ಯಾಂಪಿನ ಹೋಟೆಲುಗಳು: ಏನು ತಿನ್ನಬೇಕು, ಏನು ಬಿಡಬೇಕು

ಉತ್ತರ ಕನ್ನಡದ ಮುಂಡಗೋಡದ ಟಿಬೆಟಿಯನ್ ನಿರಾಶ್ರಿತರ ಕ್ಯಾಂಪು 1966ರಲ್ಲಿ ಶುರುವಾದದ್ದು. ಹೆಸರಿಗಷ್ಟೇ ಕ್ಯಾಂಪು, ಈಗ ನಂಬರು ಹೊತ್ತ ಊರುಗಳ ಗುಂಪು. ರುಚಿ ನೋಡಬೇಕಿದ್ದರೆ ಗಾಂದೆನ್, ಡ್ರೆಪುಂಗ್ ಮಠಗಳ ಸುತ್ತಲಿನ ನಾಲ್ಕೈದು ಟೇಬಲ್ಲಿನ ಸಣ್ಣ ಹೋಟೆಲಿಗೇ ಹೋಗಿ. ಗಿರಾಕಿಗಳೆಲ್ಲ ಅಲ್ಲಿನ ಲಾಮಾಗಳು; ಅಡುಗೆ ಕೆಟ್ಟರೆ ಮರುದಿನ ಯಾರೂ ಬರುವುದಿಲ್ಲ.

ಮೊದಲು ಥೆಂಟುಕ್ ಹೇಳಿ. ನಾದಿ, ಎಣ್ಣೆ ಸವರಿ, ಅರ್ಧ ಗಂಟೆ ಇಟ್ಟ ಮೈದಾ ಹಿಟ್ಟಿನ ಪಟ್ಟಿಯನ್ನು ಕುದಿಯುವ ಸಾರಿನ ಮೇಲೆ ಹಿಡಿದು ಹೆಬ್ಬೆಟ್ಟಿನಷ್ಟಗಲ ಕಿತ್ತು ಕಿತ್ತು ಹಾಕುತ್ತಾರೆ. ಹಿಟ್ಟು ನೆನೆಯದಿದ್ದರೆ ಎಳೆದಾಗ ಹರಿದು ಗಂಟಾಗುತ್ತದೆ, ನಡುವೆ ಹಸಿ ಉಳಿಯುತ್ತದೆ. ಬೌಲು ಬಂದ ಕೂಡಲೇ ತಿನ್ನಬೇಕು. ಫೋಟೋ ತೆಗೆಯುತ್ತ ಕುಳಿತರೆ ಹಿಟ್ಟು ಸಾರನ್ನೆಲ್ಲ ಕುಡಿದು ಮುದ್ದೆಯಾಗುತ್ತದೆ, ಆಗ ಹೋಟೆಲಿನವರನ್ನು ಬೈದು ಪ್ರಯೋಜನವಿಲ್ಲ.

ಮೊಮೊ ಎರಡೇ ನಿಮಿಷಕ್ಕೆ ಬಂದರೆ ಅದು ಬೆಳಗಿನದ್ದು, ಮತ್ತೆ ಬಿಸಿ ಮಾಡಿದ್ದು. ಆಗಷ್ಟೇ ಹಬೆಗಿಟ್ಟದ್ದಕ್ಕೆ ಹತ್ತು-ಹದಿನೈದು ನಿಮಿಷ ಬೇಕು. ನೆರಿಗೆ ಕೂಡುವ ತುದಿಯನ್ನು ಒಮ್ಮೆ ಕಚ್ಚಿ ನೋಡಿ: ಲಟ್ಟಿಸುವಾಗ ಅಂಚು ತೆಳುವಾಗದಿದ್ದರೆ ಅಲ್ಲೇ ಹಸಿ ಹಿಟ್ಟು ಸಿಗುತ್ತದೆ. ವೆಜ್ ಮೊಮೊದ ತಳ ಒದ್ದೆಯಾಗಿ ಹರಿದಿದ್ದರೆ ಎಲೆಕೋಸಿಗೆ ಉಪ್ಪು ಹಾಕಿ ನೀರು ಹಿಂಡಿಲ್ಲ ಎಂದರ್ಥ. ಮಾಂಸದ ಮೊಮೊ ಆದರೆ ಯಾವ ಮಾಂಸ ಎಂದು ಕನ್ನಡದಲ್ಲೇ ಕೇಳಿ, ಮುಚ್ಚುಮರೆಯಿಲ್ಲದೆ ಹೇಳುತ್ತಾರೆ. ಜೊತೆಗೆ ಕೊಡುವ ಕೆಂಪು ಸೆಪೆನ್ ಚಟ್ನಿಯನ್ನು ಬ್ಯಾಡಗಿ ಎಂದುಕೊಂಡು ಚಮಚ ತುಂಬ ಹಾಕಿಕೊಳ್ಳಬೇಡಿ. ಬಣ್ಣಕ್ಕಿಂತ ಖಾರ ಜಾಸ್ತಿ.

ಟಿಂಗ್ಮೊ ಎಂದರೆ ಹಬೆಯಲ್ಲಿ ಬೇಯಿಸಿದ ಬನ್ನು, ಅದೊಂದನ್ನೇ ತರಿಸಿದರೆ ಸಪ್ಪೆ. ಪಲ್ಯವೋ ಸಾರೋ ಬೇಕು. ಗೋಬಿ ಮಂಚೂರಿ, ಫ್ರೈಡ್ ರೈಸ್ ಪಟ್ಟಿಯಲ್ಲಿರುತ್ತವೆ, ಅವಕ್ಕಾಗಿ ಇಷ್ಟು ದೂರ ಬರಬೇಕಾಗಿಲ್ಲ. ಬೆಣ್ಣೆ ಚಹಾ ಉಪ್ಪಿನದು. ಚಹಾ ಎಂದುಕೊಂಡು ಕುಡಿದರೆ ಮುಖ ಕಿವುಚುತ್ತೀರಿ, ತೆಳು ಸಾರೆಂದುಕೊಂಡರೆ ಹಿಡಿಸುತ್ತದೆ. ಆರಿದರೆ ಬೆಣ್ಣೆ ಮೇಲೆ ಕಟ್ಟುತ್ತದೆ, ಆಮೇಲೆ ಕುಡಿಯಲಾಗದು.

ಬರುವ ಕಾಲ ನೋಡಿಕೊಳ್ಳಿ. ಮೇ-ಜೂನಿನ ಸುಮಾರಿಗೆ ಬರುವ, ಟಿಬೆಟಿಯನ್ ಬೌದ್ಧರಿಗೆ ಪವಿತ್ರವಾದ ಸಾಗಾ ದಾವಾ ತಿಂಗಳಲ್ಲಿ ಅನೇಕರು ಮಾಂಸ ಬಿಡುತ್ತಾರೆ, ಬುಧವಾರವೂ ಕೆಲವರು ತಿನ್ನುವುದಿಲ್ಲ. ಅಕ್ಟೋಬರಿನಿಂದ ಸ್ವೆಟರ್ ವ್ಯಾಪಾರಕ್ಕೆ ಎಷ್ಟೋ ಕುಟುಂಬಗಳು ಊರೂರಿಗೆ ಹೊರಡುವುದರಿಂದ ಮನೆಮಂದಿಯೇ ನಡೆಸುವ ಹೋಟೆಲು ಬೀಗ ಹಾಕಿರಬಹುದು. ಟಿಬೆಟಿಯನ್ ಹೊಸ ವರ್ಷದ ಲೋಸಾರ್ ಹಬ್ಬದಲ್ಲೂ ಅಷ್ಟೇ. ಮುಂಡಗೋಡದಿಂದ ಆಟೋ ಹತ್ತುವಾಗ ಬರೀ ‘ಕ್ಯಾಂಪ್’ ಎನ್ನದೆ ನಂಬರು ಹೇಳಿ. ಒಂದರಿಂದ ಇನ್ನೊಂದಕ್ಕೆ ನಡೆಯುವುದು ಬಿಸಿಲಲ್ಲಿ ಸುಲಭವಲ್ಲ.