ಸ್ಕೂಬಿ-ಡೂ: 1969ರದ್ದೋ, 1972ರದ್ದೋ?

ಮಗುವಿಗೆ ಹಳೆಯ ಸ್ಕೂಬಿ-ಡೂ ಕಾರ್ಟೂನ್ ತೋರಿಸಬೇಕು, ಯಾವುದರಿಂದ ಶುರು ಮಾಡೋದು? ನನ್ನ ಮತ 1969ರ ‘ಸ್ಕೂಬಿ-ಡೂ, ವೇರ್ ಆರ್ ಯೂ!’ಗೆ. ಅಮೆರಿಕದ ಟಿವಿ ವಾಹಿನಿ ಸಿಬಿಎಸ್‌ನಲ್ಲಿ ಶನಿವಾರ ಬೆಳಿಗ್ಗೆ ಬರುತ್ತಿದ್ದ ಸರಣಿ. ಒಟ್ಟು 25 ಕಂತು, ಒಂದೊಂದೂ ಸುಮಾರು 22 ನಿಮಿಷ. ಭೂತ ಬರುತ್ತದೆ, ಪುಕ್ಕಲು ಹುಡುಗ ಶ್ಯಾಗಿಯೂ ಅವನ ನಾಯಿ ಸ್ಕೂಬಿಯೂ ಎದ್ದುಬಿದ್ದು ಓಡುತ್ತಾರೆ, ಅವರ ಗೆಳತಿ ವೆಲ್ಮಾ ಸುಳಿವು ಹಿಡಿಯುತ್ತಾಳೆ. ಮುಖವಾಡ ಕಳಚಿದರೆ ಒಳಗೆ ಯಾರೋ ದುರಾಸೆಯ ಮನುಷ್ಯ! ಹೆಚ್ಚಾಗಿ ಇದೇ ಕಥೆ. ಮಕ್ಕಳಿಗೆ ಅದೇ ಮಜಾ ಅಲ್ವಾ?

1972ರ ‘ದ ನ್ಯೂ ಸ್ಕೂಬಿ-ಡೂ ಮೂವೀಸ್’ ಕಂತುಗಳು ಹೆಚ್ಚುಕಮ್ಮಿ ಎರಡರಷ್ಟು ಉದ್ದ. ಬ್ಯಾಟ್‌ಮ್ಯಾನ್, ಹಾಸ್ಯಜೋಡಿ ಲಾರೆಲ್-ಹಾರ್ಡಿ ಅತಿಥಿಗಳಾಗಿ ಬರುತ್ತಾರೆ. ಬ್ಯಾಟ್‌ಮ್ಯಾನ್ ಹುಚ್ಚಿರುವ ಮಗುವಿಗೆ ಇದೇ ಸರಿ. ಆದರೆ ಆ ಕಾಲದ ಅಮೆರಿಕದ ಹಾಸ್ಯನಟರು ಬಂದಾಗ ನಮ್ಮ ಮಕ್ಕಳು ‘ಇವರ್ಯಾರು?’ ಅನ್ನುತ್ತಾರೆ. ಕಥೆಯನ್ನೂ ಸುಮ್ನೆ ಎಳೆದಂತಿದೆ.