ಹೆಸರಿಗೆ ಮಾತ್ರ ಡೈರೆಕ್ಟರ್ ಆಗಿದ್ದೆ, ಮನೆ ಬಾಗಿಲಿಗೆ ವಾರಂಟ್ ಬಂತು

ಬೆಳಿಗ್ಗೆ ರಂಗೋಲಿ ಹಾಕುತ್ತಿದ್ದೆ. ಗೇಟಿನ ಹತ್ತಿರ ಬೈಕ್ ನಿಲ್ಲಿಸಿದ ಕಾನ್ಸ್‌ಟೇಬಲ್ ನನ್ನ ಹೆಸರು ಓದಿ, "ಮೇಡಂ, ನಿಮ್ಮ ಮೇಲೆ ವಾರಂಟ್ ಇದೆ, ಬೆಂಗಳೂರು ಕೋರ್ಟಿಂದು" ಎಂದರು. ಎದುರು ಮನೆಯಾಕೆ ಹಾಲಿನ ಪ್ಯಾಕೆಟ್ ಹಿಡಿದುಕೊಂಡು ಅಲ್ಲೇ ನಿಂತುಬಿಟ್ಟರು. ನಾನು ದಾವಣಗೆರೆಯಲ್ಲಿ ಮಕ್ಕಳಿಗೆ ಟ್ಯೂಷನ್ ಹೇಳಿಕೊಡುವವಳು. ಚೆಕ್ ಬೌನ್ಸ್ ಕೇಸಿನಲ್ಲಿ ಮೂರನೇ ಆರೋಪಿಯಂತೆ!

ಕಥೆ ಶುರುವಾಗಿದ್ದು 2018ರಲ್ಲಿ. ಅಕ್ಕನ ಗಂಡ, ನಮ್ಮ ಭಾವ, ಪ್ರೈವೇಟ್ ಲಿಮಿಟೆಡ್ ಕಂಪನಿ ಮಾಡಿದರು. ಅದಕ್ಕೆ ಕನಿಷ್ಠ 2 ಡೈರೆಕ್ಟರ್ ಬೇಕೇ ಬೇಕು. "ಹೆಸರಿಗೆ ಮಾತ್ರ ಕಣಮ್ಮ" ಅಂದರು. ಪ್ಯಾನ್, ಆಧಾರ್ ಕೊಟ್ಟೆ. ಸಂಬಳವೂ ಇಲ್ಲ, ಲಾಭವೂ ಇಲ್ಲ. 2021ರಲ್ಲಿ ಯಾಕೋ ಅಳುಕು ಬಂದು ರಾಜೀನಾಮೆ ಮೇಲ್ ಮಾಡಿದೆ. "ಆಯ್ತಮ್ಮ, ಆಡಿಟರ್‌ಗೆ ಹೇಳ್ತೀನಿ" ಎಂದು ಉತ್ತರ ಬಂತು. ಅಲ್ಲಿಗೆ ಮುಗೀತು ಅಂದುಕೊಂಡೆ.

ಮುಗಿದಿರಲಿಲ್ಲ. ನಾನು ಬಿಟ್ಟೆ ಅಂತ ಕಂಪನಿ 30 ದಿನದೊಳಗೆ ಸರ್ಕಾರದ ಕಂಪನಿ ರಿಜಿಸ್ಟ್ರಾರ್‌ಗೆ ಡಿಐಆರ್-12 ಫಾರಂ ಹಾಕಬೇಕಿತ್ತು, ಹಾಕಲೇ ಇಲ್ಲ. ಡಿಐಆರ್-11 ಅನ್ನುವ ಫಾರಂ ಇದೆ, ಅದನ್ನು ಬಿಟ್ಟುಹೋಗುವ ಡೈರೆಕ್ಟರೇ ಹಾಕಬಹುದು ಅನ್ನೋದು ನನಗೆ ಗೊತ್ತೇ ಇರಲಿಲ್ಲ. ಅದಕ್ಕೆ ಡಿಜಿಟಲ್ ಸಹಿ ಬೇಕು. ನನ್ನ ಸಹಿ ಇದ್ದ ಪೆನ್‌ಡ್ರೈವ್‌ನಂಥ ಟೋಕನ್ ಆಡಿಟರ್ ಡ್ರಾಯರಿನಲ್ಲಿತ್ತು, ಬಾಲ್‌ಪೆನ್ನಿನಲ್ಲಿ ನನ್ನ ಹೆಸರು ಬರೆದ ಚೀಟಿ ಅಂಟಿಸಿಕೊಂಡು. ಅದರ ಅವಧಿ ಬೇರೆ ಮುಗಿದಿತ್ತು.

2022ರಲ್ಲಿ ಭಾವ ಮಾಲಿನ ಬಾಬ್ತು ಕೊಟ್ಟ ಚೆಕ್ ವಾಪಸ್ ಬಂತು. ನೋಟಿಸ್ ಕಂಪನಿ ವಿಳಾಸಕ್ಕೆ ಹೋಯಿತು. 15 ದಿನವಾದರೂ ದುಡ್ಡು ಕಟ್ಟಲಿಲ್ಲ. ಚೆಕ್ ಬೌನ್ಸ್ ಕಾನೂನಿನ ಸೆಕ್ಷನ್ 138ರ ಕೇಸ್ ಬಿತ್ತು. ಸಮನ್ಸ್ ಬಂದಾಗ ಫೋಟೋ ತೆಗೆದು ಭಾವನಿಗೆ ವಾಟ್ಸಾಪ್ ಮಾಡಿ ಸುಮ್ನೆ ಕೂತೆ. "ನಾನು ನೋಡ್ಕೋತೀನಿ" ಎಂದಿದ್ದರು. ನೋಡಿಕೊಂಡಿದ್ದು ಹೀಗೆ! ದಯವಿಟ್ಟು ಈ ತಪ್ಪು ಮಾಡಬೇಡಿ. ಸಮನ್ಸ್ ನಿಮ್ಮ ಹೆಸರಿಗೆ ಬಂದಿದ್ದರೆ ನಿಮ್ಮದೇ ವಕೀಲರನ್ನು ಇಟ್ಟುಕೊಳ್ಳಿ.

ಜಾಮೀನು ತೆಗೆದುಕೊಂಡು ಹೈಕೋರ್ಟಿಗೆ ಹೋದೆ. ಅದೇ ಕಾನೂನಿನ ಸೆಕ್ಷನ್ 141ರ ಪ್ರಕಾರ, ಕಂಪನಿಯ ಜೊತೆಗೆ ಹೊಣೆ ಬರುವುದು ತಪ್ಪು ನಡೆದ ಹೊತ್ತಿಗೆ ಅದರ ವ್ಯವಹಾರ ನಡೆಸುತ್ತಿದ್ದವರಿಗೆ, ಇಲ್ಲವೇ ಆ ತಪ್ಪಿಗೆ ಒಪ್ಪಿಗೆ ಕೊಟ್ಟ, ಕೈಜೋಡಿಸಿದ ಅಥವಾ ನಿರ್ಲಕ್ಷ್ಯ ಮಾಡಿದವರಿಗೆ. ಬರೀ ಡೈರೆಕ್ಟರ್ ಅಂದರೆ ಸಾಲದು, ವ್ಯವಹಾರ ನಡೆಸುತ್ತಿದ್ದರು ಅನ್ನೋದನ್ನು ದೂರಿನಲ್ಲೇ ಹೇಳಿರಬೇಕು ಎಂದು ಸುಪ್ರೀಂ ಕೋರ್ಟ್ 2005ರಲ್ಲೇ ಹೇಳಿದೆ. ಮ್ಯಾನೇಜಿಂಗ್ ಡೈರೆಕ್ಟರಿಗೆ, ಚೆಕ್‌ಗೆ ಸಹಿ ಹಾಕಿದವರಿಗೆ ಈ ದಾರಿಯಿಲ್ಲ. ನನ್ನ ಬಗ್ಗೆ ದೂರಿನಲ್ಲಿದ್ದದ್ದು "ಡೈರೆಕ್ಟರ್" ಅನ್ನುವ ಒಂದೇ ಪದ. ನಾನು ಬಚಾವಾದೆ. 14 ತಿಂಗಳ ಮೇಲೆ ನನ್ನೊಬ್ಬಳ ಮಟ್ಟಿಗೆ ಕೇಸ್ ರದ್ದಾಯಿತು, ಭಾವನ ಮೇಲಿನದು ನಡೆಯುತ್ತಲೇ ಇದೆ. ಆಗ ಕೇಸ್ ರದ್ದು ಮಾಡಿ ಅಂತ ಅರ್ಜಿ ಹಾಕಿದ್ದು ಸಿಆರ್‌ಪಿಸಿ, ಅಂದರೆ ಹಳೆಯ ದಂಡ ಪ್ರಕ್ರಿಯಾ ಸಂಹಿತೆಯ ಸೆಕ್ಷನ್ 482ರಲ್ಲಿ. 2024ರ ಜುಲೈನಿಂದ ಅದು ಹೊಸ ಕಾನೂನಾದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ ಸೆಕ್ಷನ್ 528.

ದೂರು ಬರೆದವರು ನಾನೂ ವ್ಯವಹಾರ ನೋಡಿಕೊಳ್ಳುತ್ತಿದ್ದೆ ಅಂತ ಇನ್ನೊಂದು ಸಾಲು ಜಾಸ್ತಿ ಬರೆದಿದ್ದರೆ ಪೂರ್ತಿ ವಿಚಾರಣೆ ಎದುರಿಸಬೇಕಾಗುತ್ತಿತ್ತೇನೋ ಎಂದರು ವಕೀಲರು. 2011ರಲ್ಲಿ ಸುಪ್ರೀಂ ಕೋರ್ಟ್ ಒಬ್ಬರ ಕೇಸ್ ರದ್ದು ಮಾಡಿತ್ತು. ಚೆಕ್ ಕೊಡುವ ಮುಂಚೆಯೇ ಅವರು ರಾಜೀನಾಮೆ ಕೊಟ್ಟಿದ್ದರು, ರಿಜಿಸ್ಟ್ರಾರ್‌ಗೆ ಫಾರಂ ಕೂಡ ಹೋಗಿತ್ತು. ನನ್ನ ಹತ್ತಿರ ಇದ್ದದ್ದು ಒಂದು ಮೇಲ್, ಅಷ್ಟೇ.

ನಿಮ್ಮ ಹೆಸರೂ ಎಲ್ಲಾದರೂ ಹೀಗೆ ಸೇರಿದ್ದರೆ, ಕಾರ್ಪೊರೇಟ್ ವ್ಯವಹಾರಗಳ ಸಚಿವಾಲಯದ ವೆಬ್‌ಸೈಟಿನಲ್ಲಿ ಇವತ್ತೇ ನೋಡಿ. ಫಾರಂ ಹೋಗಿದೆ ಅಂದರೆ ಅದರ ರಸೀದಿ ಕೇಳಿ. ಬೇಜಾರು ಮಾಡಿಕೊಂಡರೆ ಮಾಡಿಕೊಳ್ಳಲಿ. ನಮ್ಮಕ್ಕ ಈಗಲೂ ನನ್ನ ಜೊತೆ ಸರಿಯಾಗಿ ಮಾತಾಡಲ್ಲ. ಆ ಟೋಕನ್ ಮಾತ್ರ ಈಗ ನನ್ನ ಬೀರುವಿನಲ್ಲಿದೆ, ಚೀಟಿಯ ಸಮೇತ.